ಸಾಗರ ಕೊಟ್ಟ ರೂಪ

ಪೋಲೆಂಡಿನ ಲೇಖಕ ಸ್ತಾನಿಸ್ವಾವ್ ಲೆಮ್ 1961ರಲ್ಲಿ ಪ್ರಕಟಿಸಿದ ‘ಸೊಲಾರಿಸ್’ ಎಂಬ ಕಾದಂಬರಿಯಲ್ಲಿ ಒಂದು ವಿಲಕ್ಷಣ ದ್ರವ್ಯದ ಕಲ್ಪನೆಯಿದೆ. ಕೆಂಪು ಮತ್ತು ನೀಲಿ ಎಂಬ ಎರಡು ಸೂರ್ಯರ ನಡುವೆ ಚಲಿಸುವ ಒಂದು ಗ್ರಹ. ಅದನ್ನು ಬಹುಪಾಲು ಆವರಿಸಿರುವುದು ಲೋಳೆಯಂತಹ ಒಂದು ಸಾಗರ. ತನ್ನ ಗ್ರಹದ ಪಥವನ್ನೇ ತಿದ್ದಬಲ್ಲ ಈ ಸಾಗರವು ಜೀವವೋ ಅಜೀವವೋ ಎಂಬ ವಾದದಲ್ಲಿ ಕಥೆಯ ವಿಜ್ಞಾನಿಗಳು ತಲೆಮಾರುಗಳನ್ನು ಕಳೆದಿದ್ದಾರೆ, ಗ್ರಂಥಾಲಯಗಳನ್ನು ತುಂಬಿಸಿದ್ದಾರೆ. ಆ ಗ್ರಂಥರಾಶಿಯನ್ನು ವರ್ಣಿಸುವಾಗ ಲೇಖಕನು ಪಂಡಿತರನ್ನು ಕುರಿತು ಒಳಗೊಳಗೇ ನಗುತ್ತಿರುವುದು ಓದುಗನಿಗೆ ತಿಳಿಯದೆ ಇರದು.

ಈ ಸಾಗರದ ಸ್ವಭಾವವೇ ರೂಪಾಂತರ. ಅದರಿಂದ ಮೇಲೇಳುವ ಆಕೃತಿಗಳಲ್ಲಿ ಒಂದು ಬಗೆಯವಕ್ಕೆ ‘ಮಿಮಾಯ್ಡ್’ ಎಂದು ಹೆಸರು. ಸಮೀಪದಲ್ಲಿರುವ ವಸ್ತುಗಳನ್ನೆಲ್ಲ ಅವು ಅನುಕರಿಸುತ್ತವೆ. ಆದರೆ ಒಂದು ವಿಶೇಷವುಂಟು: ಮನುಷ್ಯನನ್ನಾಗಲಿ ಇತರ ಜೀವಿಗಳನ್ನಾಗಲಿ ಅವು ಅನುಕರಿಸವು. ಮನುಷ್ಯನ ಆಕಾರದ ಗೊಂಬೆಯನ್ನು ಇಟ್ಟರೆ ಕ್ಷಣಮಾತ್ರದಲ್ಲಿ ಅದರ ಪ್ರತಿಯನ್ನು ನಿರ್ಮಿಸುತ್ತವೆ.

ಗೊಂಬೆಗಳಲ್ಲಿ ನಿಂತಿದ್ದ ಈ ಆಟ ಕಥೆಯ ಆರಂಭಕ್ಕೆ ಮುನ್ನವೇ ಎಲ್ಲೆ ದಾಟಿದೆ. ಗ್ರಹದ ಮೇಲೆ ತೇಲುವ ಸಂಶೋಧನಾ ನಿಲಯದವರು ಸಾಗರದ ಮೇಲೆ ಕ್ಷ-ಕಿರಣಗಳನ್ನು ಹಾಯಿಸಿದ್ದಾರೆ. ಪ್ರತಿಯಾಗಿ ಸಾಗರವು ನಿದ್ರಿಸುವವರ ಸ್ಮೃತಿಯ ಆಳದಲ್ಲಿ ಹುದುಗಿದ್ದವರಿಗೆ ದೇಹ ಕೊಟ್ಟು ಕಳುಹಿಸುತ್ತದೆ. ಮನಶ್ಶಾಸ್ತ್ರಜ್ಞ ಕ್ರಿಸ್ ಕೆಲ್ವಿನ್ ಅಲ್ಲಿಗೆ ಬಂದು ಒಮ್ಮೆ ನಿದ್ರಿಸಿ ಎಚ್ಚರಗೊಂಡಾಗ ಎದುರಿಗೆ ಹ್ಯಾರಿ ಕುಳಿತಿರುತ್ತಾಳೆ. ಆಕೆ ಆತನ ಪತ್ನಿ. ಅವರ ಜಗಳದ ಬಳಿಕ, ಹತ್ತು ವರ್ಷಗಳ ಹಿಂದೆ, ಹತ್ತೊಂಬತ್ತರ ವಯಸ್ಸಿನಲ್ಲಿ ಆತ್ಮಹತ್ಯೆ ಮಾಡಿಕೊಂಡವಳು. ಬಂದವಳ ಉಡುಪಿಗೆ ಗುಂಡಿಗಳಿವೆ, ಆದರೆ ಅವು ಬಿಚ್ಚಲು ಬರುವಂಥವಲ್ಲ. ಕತ್ತರಿಯಿಂದ ಕತ್ತರಿಸಿಯೇ ಅದನ್ನು ತೆಗೆಯಬೇಕು. ಸ್ಮೃತಿಯು ಉಡುಪಿನ ಅಂದವನ್ನು ಉಳಿಸಿಕೊಂಡಿತ್ತು. ಅದನ್ನು ತೊಡುವ ಬಗೆಯನ್ನು ಮರೆತಿತ್ತು.

ಕೆಲ್ವಿನ್ ಮೊದಲು ಮಾಡಿದ್ದೇನು? ಭೀತನಾಗಿ ಆಕೆಯನ್ನು ಉಪಾಯದಿಂದ ಒಂದು ಸಣ್ಣ ರಾಕೆಟ್ಟಿನೊಳಗೆ ಕುಳ್ಳಿರಿಸಿ, ಬಾಗಿಲು ಮುಚ್ಚಿ ಆಕಾಶಕ್ಕೆ ಹಾರಿಸಿಬಿಟ್ಟ. ಒಳಗಿನಿಂದ ಕೂಗು ಕೇಳಿಸುತ್ತಿತ್ತು. ಆಕೆ ಮನುಷ್ಯಳಲ್ಲ, ಕೇವಲ ಪ್ರತಿರೂಪ ಎಂಬುದು ಆತನ ಸಮಾಧಾನ. ಈ ಸಮಾಧಾನವು ಕನ್ನಡದ ಜೈನ ವಾಚಕರಿಗೆ ಅಪರಿಚಿತವೇನಲ್ಲ. ಜನ್ನನು 1209ರಲ್ಲಿ ರಚಿಸಿದ ‘ಯಶೋಧರ ಚರಿತೆ’ಯಲ್ಲಿ ತಾಯಿಯ ಒತ್ತಾಯಕ್ಕೆ ಮಣಿದ ಅರಸನೂ ಹೀಗೆಯೇ ಎಣಿಸಿ ಹಿಟ್ಟಿನ ಕೋಳಿಯನ್ನು ಬಲಿಗೊಟ್ಟ, ಆ ಸಂಕಲ್ಪಹಿಂಸೆಗೆ ತಾಯಿ ಮಗ ಇಬ್ಬರೂ ಭವಭವಗಳಲ್ಲಿ ಬೆಲೆ ತೆತ್ತರು. ಹಿಟ್ಟು ಯಾವ ಧಾನ್ಯದ್ದೆಂದು ಅಲ್ಲಿ ಯಾರೂ ವಿಚಾರಿಸಲಿಲ್ಲ. ಹ್ಯಾರಿಯ ದೇಹವು ಪರಮಾಣುಗಳಿಂದ ಆಗಿರದೆ ನ್ಯೂಟ್ರಿನೋಗಳಿಂದ ಆಗಿದೆ ಎಂಬ ನಿಲಯದ ವಿಜ್ಞಾನಿಗಳ ಊಹೆಯೂ ಕೆಲ್ವಿನ್ನನ ಕೃತ್ಯವನ್ನು ಹಗುರಗೊಳಿಸದು. ವಾಸ್ತವವಾಗಿ ಆತನ ಹೊರೆ ಹೆಚ್ಚಿನದು, ಏಕೆಂದರೆ ಬಾಗಿಲು ಮುಚ್ಚಿದ ಮೇಲೂ ಆತ ಆ ಕೂಗನ್ನು ಕೇಳಿದ್ದಾನೆ.

ಮರುರಾತ್ರಿ ಮತ್ತೊಬ್ಬ ಹ್ಯಾರಿ ಬಂದಳು. ಕೋಣೆಯಲ್ಲಿ ಈಗ ಒಂದೇ ಬಗೆಯ ಎರಡು ಉಡುಪುಗಳು.

ಕಾದಂಬರಿಯ ನಿಜವಾದ ಸತ್ತ್ವವು ಇಲ್ಲಿಂದ ಮುಂದಿದೆ. ಈ ಎರಡನೆಯವಳಿಗೆ ಮೊದಮೊದಲು ತಾನು ಯಾರೆಂಬ ಸಂಶಯವೇ ಇಲ್ಲ. ಆದರೆ ಕೆಲ್ವಿನ್ನನನ್ನು ಅಗಲಿ ಕ್ಷಣಕಾಲವೂ ಇರಲಾರಳು. ಮುಚ್ಚಿದ ಬಾಗಿಲನ್ನು ಕೈಗಳಿಂದಲೇ ಸೀಳಿ ಹೊರಬರುತ್ತಾಳೆ, ಗಾಯಗಳು ನೋಡುತ್ತಿದ್ದಂತೆ ಮಾಯುತ್ತವೆ. ಒಂದು ರಾತ್ರಿ ಮೃತ ವಿಜ್ಞಾನಿಯೊಬ್ಬನ ಧ್ವನಿಮುದ್ರಿಕೆಯನ್ನು ಕೇಳಿ ತನ್ನ ಉತ್ಪತ್ತಿಯನ್ನು ತಿಳಿದುಕೊಂಡಾಗ ಆಕೆ ದ್ರವ ಆಮ್ಲಜನಕವನ್ನು ಕುಡಿಯುತ್ತಾಳೆ. ದೇಹವು ಸಾಯಲೂ ಬಿಡದು. ತಾನು ಮತ್ತೊಬ್ಬಳ ರೂಪ, ಮತ್ತೊಬ್ಬಳ ನೆನಪು ಎಂದು ಅರಿತ ಮೇಲೆ ಉಂಟಾಗುವ ದುಃಖ ಮಾತ್ರ ಯಾರಿಂದಲೂ ಎರವಲು ಪಡೆದದ್ದಲ್ಲ, ಅದು ಆಕೆಯದೇ. ಜೀವ, ಅಜೀವ ಎಂದು ವರ್ಷಗಟ್ಟಲೆ ವಾದಿಸಿದ ಪಂಡಿತರಲ್ಲಿ ಯಾರಿಗೂ ಈ ಪರೀಕ್ಷೆ ಹೊಳೆದಿರಲಿಲ್ಲ.

ಆಂದ್ರೇ ತಾರ್ಕೋವ್‌ಸ್ಕಿ 1972ರಲ್ಲಿ ಇದನ್ನು ಚಲನಚಿತ್ರವಾಗಿಸಿದರು. ಲೆಮ್‌ಗೆ ಅದು ಒಪ್ಪಿಗೆಯಾಗಲಿಲ್ಲ. ಆ ವ್ಯಾಜ್ಯ ಬೇರೆಯೇ.

ಕಡೆಗೆ ವಿಜ್ಞಾನಿಗಳು ಇಂತಹ ದೇಹಗಳನ್ನು ಅಳಿಸುವ ಯಂತ್ರವೊಂದನ್ನು ಸಿದ್ಧಪಡಿಸುತ್ತಾರೆ. ಹ್ಯಾರಿ ತಾನಾಗಿಯೇ ಅವರ ಬಳಿಗೆ ಹೋಗುತ್ತಾಳೆ, ಕೆಲ್ವಿನ್ನನಿಗೆ ನಿದ್ರೆಯ ಔಷಧ ಕುಡಿಸಿ. ಆಕೆಯೇ ಕೇಳಿಕೊಂಡಳೆಂಬುದು ಯಂತ್ರವನ್ನು ನಡೆಸಿದವರ ಸಮರ್ಥನೆ. ದುಃಖಿಯ ಕೋರಿಕೆಯು ಅದನ್ನು ನೆರವೇರಿಸಿದ ಕೈಯನ್ನು ಶುದ್ಧಗೊಳಿಸೀತೆ? ಲೆಮ್ ತೀರ್ಪು ಕೊಡುವುದಿಲ್ಲ. ಆಕೆ ಬಿಟ್ಟುಹೋದ ಪತ್ರದ ಅಡಿಯಲ್ಲಿ ಹೆಸರನ್ನು ಬರೆದು ಮತ್ತೆ ಹೊಡೆದುಹಾಕಲಾಗಿತ್ತು. ಆದರೂ ಅದನ್ನು ಓದಬಹುದಾಗಿತ್ತು.

ಬಳಿಕ ಕೆಲ್ವಿನ್ ಮೊದಲ ಬಾರಿಗೆ ಸಾಗರದ ದಡಕ್ಕಿಳಿದು ಕೈ ಚಾಚುತ್ತಾನೆ. ಅಲೆಯೊಂದು ಮೇಲೆದ್ದು ಆ ಕೈಯನ್ನು ಸುತ್ತುವರಿಯುತ್ತದೆ, ನಡುವೆ ತೆಳ್ಳನೆಯ ಗಾಳಿಯ ಪದರವನ್ನು ಉಳಿಸಿಕೊಂಡು, ಸೋಂಕದೆ.