ತಡೆಯಾಜ್ಞೆಯ ಬೇಲಿ

ಹುಟ್ಟುತ್ತಾ ಅಣ್ಣತಮ್ಮಂದಿರು, ಬೆಳೆಯುತ್ತಾ ದಾಯಾದಿಗಳು. ಈ ಗಾದೆಯ ಸತ್ಯ ಕಾಣಬೇಕೆಂದರೆ ಯಾವುದಾದರೂ ತಾಲ್ಲೂಕು ನ್ಯಾಯಾಲಯದ ಜಗಲಿಯಲ್ಲಿ ಹತ್ತು ನಿಮಿಷ ನಿಂತರೆ ಸಾಕು. ಒಂದೇ ಊರಿನಿಂದ ಒಂದೇ ಬಸ್ಸಿನಲ್ಲಿ ಬಂದವರು. ಒಬ್ಬ ಮುಂದಿನ ಸೀಟು, ಇನ್ನೊಬ್ಬ ಹಿಂದಿನ ಸೀಟು. ಇಳಿದ ಮೇಲೆ ಒಬ್ಬನಿಗೆ ಈ ಹೋಟೆಲಿನ ಕಾಫಿ, ಇನ್ನೊಬ್ಬನಿಗೆ ಆ ಹೋಟೆಲಿನದು. ಜವಾನ ಹೆಸರು ಕೂಗಿದಾಗ ಮಾತ್ರ ಇಬ್ಬರೂ ಒಂದೇ ಬಾಗಿಲಿನಿಂದ ಒಳಗೆ ಹೋಗುತ್ತಾರೆ.

ಜಗಳದ ಮೂಲ ಕೇಳಿದರೆ ಹೊರಗಿನವರಿಗೆ ನಗು ಬಂದೀತು. ಬದುವಿನ ಮೇಲಿನ ಹಲಸಿನ ಮರ, ಹಿತ್ತಿಲ ಗೋಡೆ, ಬಾವಿಗೆ ಹೋಗುವ ಮೂರಡಿ ಓಣಿ. ಆದರೆ ಆ ಓಣಿಯಲ್ಲೇ ದಿನವೂ ನೀರು ಹೊರಬೇಕಾದವರಿಗೆ ನಗು ಬರುವುದಿಲ್ಲ. ಗಂಡ ತೀರಿಕೊಂಡ ಮೇಲೆ ಹಿಂಭಾಗದ ಎರಡು ಕೋಣೆಗಳಲ್ಲಿ ಮಕ್ಕಳೊಂದಿಗೆ ಉಳಿದ ಹೆಣ್ಣುಮಗಳೊಬ್ಬಳನ್ನು ನೆನೆದುಕೊಳ್ಳಿ. ಒಂದು ಬೆಳಿಗ್ಗೆ ಭಾವನವರು ಓಣಿಗೆ ಅಡ್ಡಗೋಡೆ ಕಟ್ಟಲು ಕಲ್ಲು ಇಳಿಸುತ್ತಾರೆ. ಊರ ಹಿರಿಯರು ‘ಹೊಂದಿಕೊಂಡು ಹೋಗಮ್ಮ’ ಎನ್ನುತ್ತಾರೆ. ಹೊಂದಿಕೊಳ್ಳಬೇಕಾದವರು ಯಾವಾಗಲೂ ಬಲವಿಲ್ಲದವರೇ ಏಕೆಂದು ಯಾರೂ ಕೇಳುವುದಿಲ್ಲ. ಕೊನೆಗೆ ಅವಳು ವಕೀಲರ ಮೆಟ್ಟಿಲು ಹತ್ತಿದರೆ, ‘ಮನೆಯ ಮಾನ ಬೀದಿಗೆ ತಂದಳು’ ಎಂಬ ಮಾತೂ ಅವಳಿಗೇ. ಕಲ್ಲು ಇಳಿಸಿದಾಗ ಹೋಗದ ಮಾನ ದಾವೆ ಹೂಡಿದಾಗ ಹೋಯಿತಂತೆ!

ಅವಳು ಕೇಳುವುದು ಹೆಚ್ಚೇನಲ್ಲ. ದಾವೆ ಮುಗಿಯುವವರೆಗೆ ಗೋಡೆ ಏಳದಿರಲಿ ಎಂದಷ್ಟೆ. ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೇ ಆದೇಶದಡಿ ಸಿಗುವ ತಾತ್ಕಾಲಿಕ ತಡೆಯಾಜ್ಞೆ ಇದೇ. ನ್ಯಾಯಾಧೀಶರು ಮೂರು ಸಂಗತಿ ನೋಡುತ್ತಾರೆ: ಮೇಲ್ನೋಟಕ್ಕೆ ದಾವೆಯಲ್ಲಿ ಹುರುಳಿದೆಯೆ, ತಡೆದರೆ ಅಥವಾ ಬಿಟ್ಟರೆ ಯಾರಿಗೆ ಹೆಚ್ಚು ತೊಂದರೆ, ಆಗುವ ನಷ್ಟ ಹಣದಿಂದ ತುಂಬುವಂಥದೆ. ತಡವಾದರೆ ಕೆಲಸವೇ ಕೆಡುವುದೆಂದು ಕಂಡರೆ, ಕಾರಣ ಬರೆದು, ಎದುರು ಪಕ್ಷ ಬರುವ ಮೊದಲೇ ಆಜ್ಞೆ ಕೊಡಬಹುದು. ಹಾಗೆ ಕೊಟ್ಟಾಗ 30 ದಿನಗಳಲ್ಲಿ ಆ ಅರ್ಜಿಯನ್ನು ಇತ್ಯರ್ಥಪಡಿಸಲು ಯತ್ನಿಸಬೇಕು. ಆಜ್ಞೆ ಮೀರಿದವರ ಆಸ್ತಿ ಜಪ್ತಿಯಾಗಬಹುದು, 3 ತಿಂಗಳವರೆಗೆ ಸಿವಿಲ್ ಸೆರೆಯೂ ಆಗಬಹುದು.

ಎದುರಾಳಿಗೂ ಕಾನೂನು ಕಿವಿಗೊಡುತ್ತದೆ. 1976ರ ತಿದ್ದುಪಡಿಯಿಂದ ಬಂದ 148ಎ ಕಲಮಿನಂತೆ ‘ನನ್ನ ಮಾತು ಕೇಳದೆ ಆಜ್ಞೆ ಕೊಡಬೇಡಿ’ ಎಂದು ಮೊದಲೇ ಕೇವಿಯಟ್ ಹಾಕಬಹುದು. ಅದರ ಆಯುಷ್ಯ 90 ದಿನ. ಅದರ ನೋಟಿಸನ್ನು ಎದುರು ಪಕ್ಷಕ್ಕೆ ಅಂಚೆಯಲ್ಲಿ ಕಳಿಸಬೇಕು. ಮೂರಡಿ ಓಣಿ ದಾಟಬೇಕಾದ ಲಕೋಟೆ ತಾಲ್ಲೂಕು ಸುತ್ತಿ ಪಕ್ಕದ ಬಾಗಿಲಿಗೆ ಬರುತ್ತದೆ!

‘ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ’ ಎಂಬ ಮಾತಿದೆ. ಹಟಕ್ಕೆ ಬಿದ್ದು ಇಪ್ಪತ್ತು ವರ್ಷ ಅಲೆದವರ ಮಟ್ಟಿಗೆ ಅದು ನಿಜ. ಆದರೆ ನಾಳೆ ನೀರು ತರಬೇಕಾದವಳಿಗೆ ಆ ಗಾದೆ ಹೇಳುವುದು ಅನ್ಯಾಯ. ಅವಳು ಮನೆ ಒಡೆಯಲು ಹೋದವಳಲ್ಲ; ಒಡೆದ ಮನೆಯಲ್ಲಿ ತನ್ನ ಪಾಲಿನ ದಾರಿ ಉಳಿಸಿಕೊಳ್ಳಲು ಹೋದವಳು. ಕೈಯಲ್ಲಿ ಕಾಸಿಲ್ಲದಿದ್ದರೂ ಅವಳು ಹಿಂಜರಿಯಬೇಕಾಗಿಲ್ಲ. 1987ರ ಕಾನೂನು ಸೇವೆಗಳ ಪ್ರಾಧಿಕಾರಗಳ ಕಾಯಿದೆಯಂತೆ ಹೆಂಗಸರು ಉಚಿತ ಕಾನೂನು ನೆರವಿಗೆ ಅರ್ಹರು. ಅದಕ್ಕೆ ಆದಾಯದ ಮಿತಿಯಿಲ್ಲ. ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಒಂದು ಅರ್ಜಿ ಕೊಟ್ಟರಾಯಿತು.

ತಡೆಯಾಜ್ಞೆ ತೀರ್ಪಲ್ಲ. ಅದು ಕೈಯನ್ನು ತಡೆಯಬಲ್ಲದು, ಮನಸ್ಸನ್ನು ತಿದ್ದಲಾರದು. ಅದು ಕೊಡುವುದು ಸ್ವಲ್ಪ ಕಾಲವನ್ನು ಮಾತ್ರ. ಆ ಕಾಲದಲ್ಲಿ ಸಿಟ್ಟು ಇಳಿದರೆ ಮಧ್ಯಸ್ಥಿಕೆಗೂ ಲೋಕ ಅದಾಲತ್ತಿಗೂ ದಾರಿ ತೆರೆದಿರುತ್ತದೆ. ಅದಾಲತ್ತಿನಲ್ಲಿ ರಾಜಿಯಾದರೆ ಕಟ್ಟಿದ ನ್ಯಾಯಾಲಯ ಶುಲ್ಕವೂ ವಾಪಸು ಸಿಗುತ್ತದೆ. ಇಳಿಯದಿದ್ದರೆ ದಾವೆ ತನ್ನ ಪಾಡಿಗೆ ನಡೆಯುತ್ತದೆ. ಒಮ್ಮೆ ಎದ್ದ ಗೋಡೆಯನ್ನು ಕೆಡವುವುದು ಕಷ್ಟ. ಏಳದೆ ನಿಂತ ಗೋಡೆಯ ಜಾಗದಲ್ಲಿ ಓಣಿ ಓಣಿಯಾಗಿಯೇ ಉಳಿದಿರುತ್ತದೆ. ದೊಡ್ಡವರು ಮಾತು ಬಿಟ್ಟರೂ, ಎಂದಾದರೊಂದು ದಿನ ಭಾವನವರ ಮೊಮ್ಮಗು ಅದೇ ಓಣಿಯಲ್ಲಿ ಚಿಕ್ಕಜ್ಜಿಯ ಮನೆಗೆ ಓಡಿ ಬಂದೀತು.