ಗುರುತಿನ ಚೀಟಿ

ಬಹಳ ವರ್ಷ ಪಾಠ ಹೇಳಿದವರಿಗೆ ಒಂದು ಕೆಟ್ಟ ಅಭ್ಯಾಸ ಅಂಟಿಕೊಂಡುಬಿಡುತ್ತದೆ. ತರಗತಿಯೊಳಗೆ ಕಾಲಿಟ್ಟೊಡನೆ ಯಾರು ಜಾಣರು, ಯಾರು ತಂಟೆಕೋರರು, ಯಾರ ಮೇಲೆ ಒಂದು ಕಣ್ಣಿಟ್ಟಿರಬೇಕು ಎಂದು ಮನಸ್ಸಿನಲ್ಲೇ ಇನ್ನೊಂದು ಹಾಜರಿ ಬರೆದುಕೊಳ್ಳುತ್ತೇವೆ. ಆ ಹಾಜರಿ ಪುಸ್ತಕವನ್ನು ಯಾವ ಇನ್‌ಸ್ಪೆಕ್ಟರೂ ತಪಾಸಣೆ ಮಾಡುವುದಿಲ್ಲ.

2013ರಲ್ಲಿ ನಾನು ಬೆಂಗಳೂರಿನ ಒಂದು ಪ್ರೌಢಶಾಲೆಯಲ್ಲಿ ಎಂಟನೆಯ ತರಗತಿಗೆ ಕನ್ನಡ ಮತ್ತು ಸಮಾಜ ವಿಜ್ಞಾನ ಹೇಳುತ್ತಿದ್ದೆ. ಕೊನೆಯ ಬೆಂಚಿನ ತುದಿಯಲ್ಲಿ ಒಬ್ಬ ಹುಡುಗ ಕೂರುತ್ತಿದ್ದ. ಮೊದಲ ಪಿರಿಯಡ್ಡಿನಲ್ಲಿ ಅವನಿಗೆ ತಪ್ಪದೆ ತೂಕಡಿಕೆ. ಪಕ್ಕದಲ್ಲಿ ಕೂರಲು ಯಾರೂ ಒಪ್ಪುತ್ತಿರಲಿಲ್ಲ. "ವಾಸನೆ ಮಿಸ್" ಎಂದು ಮೂಗು ಹಿಡಿಯುತ್ತಿದ್ದರು. ನಾನೂ ಒಂದೆರಡು ಸಲ, "ಸ್ನಾನ ಮಾಡ್ಕೊಂಡು ಬಾರೋ" ಎಂದು ಎಲ್ಲರೆದುರೇ ಅಂದದ್ದುಂಟು. ಅವನ ಮನೆಯಲ್ಲಿ ನಲ್ಲಿ ಇದೆಯೇ ಎಂದು ಕೇಳುವ ಬುದ್ಧಿ ನನಗೆ ಹೊಳೆದಿರಲಿಲ್ಲ.

ಒಂದು ಮಧ್ಯಾಹ್ನ ಹುಡುಗಿಯೊಬ್ಬಳು ಪ್ರವಾಸಕ್ಕೆಂದು ತಂದಿದ್ದ ಇನ್ನೂರು ರೂಪಾಯಿ ಕಾಣೆಯಾಯಿತು. ಆ ದಿನ ನಾನು ನಾಗರಿಕರ ಹಕ್ಕುಗಳ ಬಗ್ಗೆ ಹೇಳುತ್ತಿದ್ದೆ. ಸಂವಿಧಾನದ 17ನೆಯ ವಿಧಿ, ಅಸ್ಪೃಶ್ಯತೆಯ ನಿಷೇಧ ಎಂದು ಬೋರ್ಡಿನ ಮೇಲೆ ದುಂಡಗೆ ಬರೆದಿದ್ದೆ. ಕೈಯಲ್ಲಿ ಇನ್ನೂ ಚಾಕ್‌ಪೀಸ್ ಇತ್ತು. ಆ ತರಗತಿಯಲ್ಲಿದ್ದ ಚೀಲಗಳು ನಲವತ್ತೆರಡು. ನಾನು ತೆರೆಸಿದ್ದು ಒಂದೇ ಒಂದು.

ಅದರಲ್ಲಿ ಹಣವಿರಲಿಲ್ಲ. ಪ್ಲಾಸ್ಟಿಕ್ ಕವರಿನಲ್ಲಿ ಸುತ್ತಿಟ್ಟ ಒಂದು ದಪ್ಪ ನೋಟುಪುಸ್ತಕವಿತ್ತು. ಯಾರೋ ಅರ್ಧ ಬರೆದು ಬಿಸಾಕಿದ ಪುಸ್ತಕಗಳಿಂದ ಖಾಲಿ ಹಾಳೆಗಳನ್ನು ಬಿಡಿಸಿ, ಗೋಣಿದಾರದಲ್ಲಿ ಹೊಲಿದದ್ದು. ಕೆಲವು ಗೆರೆಯ ಹಾಳೆ, ಕೆಲವು ಚೌಕದ ಹಾಳೆ. ನಾನು ಹೇಳಿದ ಪಾಠಗಳೆಲ್ಲ ಒಂದೂ ಬಿಡದಂತೆ ಅದರಲ್ಲಿದ್ದವು. "ಸರಿ, ಎತ್ತಿಟ್ಕೋ" ಎಂದಷ್ಟೇ ಹೇಳಿ ಬೋರ್ಡಿನ ಕಡೆ ತಿರುಗಿದೆ.

ಮರುದಿನ ಅವನ ತಾಯಿ ಬಂದಳು. ತಲೆಯ ಮೇಲಿನ ಮೂಟೆಯನ್ನು ಗೇಟಿನ ಹೊರಗಿಳಿಸಿ ಒಳಗೆ ಬಂದವಳು ಕುರ್ಚಿ ತೋರಿಸಿದರೂ ಕೂರಲಿಲ್ಲ. ಸೆರಗಿನ ಗಂಟು ಬಿಚ್ಚಿ ಒಂದು ಕಾರ್ಡು ತೆಗೆದು ನನ್ನ ಮೇಜಿನ ಮೇಲಿಟ್ಟಳು. ಅದರಲ್ಲಿ ಅವಳ ಫೋಟೋ, ಪಾಲಿಕೆಯ ಹೆಸರು.

"ಓದ್ಕೊಳ್ಳಿ ಮಿಸ್ಸಮ್ಮ. ನಾವು ಕಳ್ಳರಲ್ಲ ಅಂತ ಕೊಟ್ಟವ್ರೆ. ಪೊಲೀಸರು ಹಿಡಿದ್ರೆ ತೋರಿಸ್ತೀನಿ. ಇಸ್ಕೂಲ್ನಾಗೂ ತೋರಿಸ್ಬೇಕು ಅಂತ ಗೊತ್ತಿರ್ಲಿಲ್ಲ."

ಚಿಂದಿ ಆಯುವವರಿಗೆ ಬೆಂಗಳೂರಿನ ಮಹಾನಗರ ಪಾಲಿಕೆ ಗುರುತಿನ ಚೀಟಿ ಕೊಡಲು ಆರಂಭಿಸಿದ್ದು 2011ರಲ್ಲಿ. ಸಂಬಳದ ಚೀಟಿಯಲ್ಲ ಅದು, ಪಡಿತರದ್ದೂ ಅಲ್ಲ. ನಸುಕಿನಲ್ಲಿ ಮೂಟೆ ಹೊತ್ತವರನ್ನು ಕಂಡರೆ ನಾಯಿ ಬೊಗಳುತ್ತದೆ, ಮನೆಯವರು ಗದರುತ್ತಾರೆ, ಬಡಾವಣೆಯಲ್ಲಿ ಏನು ಕಳವಾದರೂ ಮೊದಲು ಇವರನ್ನೇ ಹಿಡಿಯುತ್ತಾರೆ. ಇವರೂ ದುಡಿದು ತಿನ್ನುವವರು ಎಂದು ಹೇಳುವುದಕ್ಕೆ ಊರಿಗೆ ಒಂದು ಕಾರ್ಡು ಬೇಕಾಯಿತು.

ಅಂದು ಆಕೆಯಿಂದ ನಾನು ಕಲಿತ ಪಾಠ ಯಾವ ಪಠ್ಯದಲ್ಲೂ ಇರಲಿಲ್ಲ. ತಾಯಿ ಮಗ ಬೆಳಗಿನ ನಾಲ್ಕೂವರೆಗೆ ಹೊರಡಬೇಕು. ಕಸದ ಗಾಡಿ ಬಂದುಹೋದರೆ ಏನೂ ಸಿಗದು. ಹಾಲಿನ ಕವರು, ರಟ್ಟು, ನೀರಿನ ಬಾಟಲಿ, ಕಬ್ಬಿಣ, ಎಲ್ಲಕ್ಕೂ ಬೇರೆ ಬೇರೆ ದರ; ಬೇರೆ ಮಾಡದೆ ಒಟ್ಟಿಗೆ ಕೊಟ್ಟರೆ ಅರ್ಧವೂ ಹುಟ್ಟದು. ಗುಡಿಸಲು ಹಾಕಿದ ಜಾಗ ಗುಜರಿಯವನದು. ಬಾಡಿಗೆಯೂ ಅವನಿಗೆ, ಸಾಲವೂ ಅವನದೇ. ಆದ್ದರಿಂದ ಮಾಲು ಅವನಿಗೇ ಹಾಕಬೇಕು, ತೂಕ ಅವನು ಹೇಳಿದ್ದೇ. ನೀರು ಮಾತ್ರ ಕೊಡಕ್ಕಿಷ್ಟು ಎಂದು ಬೇರೆಯವರಿಂದ ಕೊಳ್ಳಬೇಕು. ನಾನು ಹೇಳಿದ ಸ್ನಾನ ಆ ಕೊಡದ ಲೆಕ್ಕದಲ್ಲಿ ಬರುತ್ತಿತ್ತು.

ಅದರ ಹಿಂದಿನ ವರ್ಷ, 2012ರಲ್ಲಿ, ಮಾವಳ್ಳಿಪುರದವರು ನಿಮ್ಮ ಕಸ ನಮ್ಮೂರಿಗೆ ಬೇಡವೆಂದು ತಿರುಗಿಬಿದ್ದಾಗ ಬೆಂಗಳೂರಿನ ಬೀದಿಬೀದಿಗಳಲ್ಲಿ ಕಸ ರಾಶಿ ಬಿದ್ದಿತ್ತು. ಅಕ್ಟೋಬರ್ 1ರಿಂದ ಹಸಿ ಕಸ, ಒಣ ಕಸ ಬೇರೆ ಮಾಡಿ ಎಂಬ ನಿಯಮ ಬಂತು. ಓದಿದ ನಾವೆಲ್ಲ ಅದೇನು ರಗಳೆ ಎಂದು ಗೊಣಗಿಕೊಂಡೆವು. ಆಕೆ ಮದುವೆಯಾಗಿ ಬಂದಾಗಿನಿಂದ ಅದನ್ನೇ ಮಾಡುತ್ತಿದ್ದಳು, ನಮ್ಮ ಮನೆಗಳ ಪರವಾಗಿ, ನಯಾಪೈಸೆ ಕೂಲಿ ನಮ್ಮಿಂದ ಪಡೆಯದೆ. ಇಂಥವರನ್ನೂ ಕಸದ ವ್ಯವಸ್ಥೆಯೊಳಗೆ ಸೇರಿಸಿಕೊಳ್ಳಬೇಕೆಂದು ಕೇಂದ್ರದ ನಿಯಮಗಳು ಹೇಳಿದ್ದು 2016ರಲ್ಲಿ.

ಹಣ ಮೂರನೆಯ ದಿನ ಸಿಕ್ಕಿತು. ಹುಡುಗಿ ಅದನ್ನು ಮನೆಯಲ್ಲೇ ಮರೆತು ಬಂದಿದ್ದಳು. ತಾಯಿಯನ್ನು ಕರೆಸಿ, "ತಪ್ಪಾಯ್ತಮ್ಮಾ" ಎಂದು ಸ್ಟಾಫ್ ರೂಮಿನಲ್ಲಿ ಹೇಳಿದೆ. ಆಕೆ, "ನಂಗ್ಯಾಕೆ ಹೇಳ್ತೀರಿ ಮಿಸ್ಸಮ್ಮ, ಅವನಿಗೆ ಹೇಳಿ. ಎಲ್ರ ಮುಂದೆ ಆಗಿದ್ದಲ್ವಾ" ಎಂದು ಹೊರಟುಹೋದಳು.

ಹೇಳಬೇಕೆಂದೇ ಇದ್ದೆ. ನಾಳೆ ಹೇಳೋಣ, ಸೋಮವಾರ ಹೇಳೋಣ ಎನ್ನುತ್ತಾ ಪರೀಕ್ಷೆ ಬಂತು. ಮಕ್ಕಳ ಮುಂದೆ ಟೀಚರ್ ಸಣ್ಣವಳಾಗಬಾರದು ಎಂಬುದೊಂದು ಇದೆಯಲ್ಲ, ಅದು ಬಾಯಿ ಕಟ್ಟಿತು. ಕೊನೆಗೆ ಅವನನ್ನು ವರಾಂಡಕ್ಕೆ ಕರೆದು ಆರು ಹೊಸ ನೋಟುಪುಸ್ತಕ ಕೊಟ್ಟೆ. "ಥ್ಯಾಂಕ್ಸ್ ಮಿಸ್" ಎಂದು ತೆಗೆದುಕೊಂಡ. ಮುಖ ಎತ್ತಿ ನೋಡಲಿಲ್ಲ.

ಜೂನ್‌ನಲ್ಲಿ ಶಾಲೆ ತೆರೆದಾಗ ಅವನು ಬರಲಿಲ್ಲ. ವಿಳಾಸ ಹುಡುಕಿಕೊಂಡು ಹೋದೆ. ಗುಡಿಸಲುಗಳಿದ್ದ ಸೈಟಿನಲ್ಲಿ ಪಾಯ ತೋಡಿ ಕಂಬಿ ಕಟ್ಟುತ್ತಿದ್ದರು. ಅಲ್ಲಿದ್ದವರು ಎಲ್ಲಿ ಹೋದರೆಂದು ಮೇಸ್ತ್ರಿಗೂ ಗೊತ್ತಿರಲಿಲ್ಲ, ಎದುರಿನ ಅಂಗಡಿಯವನಿಗೂ ಗೊತ್ತಿರಲಿಲ್ಲ.

ಈಗ ತರಗತಿಯಲ್ಲಿ ಏನಾದರೂ ಕಾಣೆಯಾದರೆ ಮೊದಲು ನನ್ನ ವ್ಯಾನಿಟಿ ಬ್ಯಾಗನ್ನೇ ಮೇಜಿನ ಮೇಲೆ ಸುರಿಯುತ್ತೇನೆ. ಮಾತ್ರೆ, ಬಸ್ ಟಿಕೇಟು, ಬಾಚಣಿಗೆ ಉರುಳುವುದನ್ನು ಕಂಡು ಮಕ್ಕಳು ನಗುತ್ತಾರೆ. ನಗಲಿ. ಆದರೆ ಅಂದು ಅಲ್ಲಿ ಕೂತಿದ್ದ ಉಳಿದ ನಲವತ್ತೊಂದು ಮಕ್ಕಳು ಈಗ ದೊಡ್ಡವರಾಗಿದ್ದಾರೆ. ಅವರ ಪಾಲಿಗೆ ಅವನು ಇಂದಿಗೂ ಟೀಚರ್ ಚೀಲ ತೆರೆಸಿದ ಹುಡುಗನೇ.