ನೀರು ಬೀಳೋಕೆ ಮುಂಚೆ

ಥಿಯೋಟಿಮೋಲಿನ್ ಅನ್ನೋ ಪುಡಿಯನ್ನ ಯಾವ ಕೆಮಿಸ್ಟ್ರಿ ಲ್ಯಾಬಿನಲ್ಲೂ ಹುಡುಕಬೇಡಿ, ಸಿಗಲ್ಲ. ಅದು ಇರೋದು ಐಸಾಕ್ ಅಸಿಮೋವ್ ಬರಹಗಳಲ್ಲಿ ಮಾತ್ರ. ಸಕ್ಕರೆ, ಉಪ್ಪು ಎಲ್ಲ ನೀರು ಹಾಕಿದ ಮೇಲೆ ಕರಗುತ್ತವೆ. ಇದು ಹಾಗಲ್ಲ ಕಣ್ರೀ. ನೀವು ನೀರು ಹಾಕೋಕೆ 1.12 ಸೆಕೆಂಡ್ ಮುಂಚೆಯೇ ಕರಗಿ ಕೂತಿರುತ್ತೆ!

ಅಸಿಮೋವ್ ಆಗ ಕೊಲಂಬಿಯಾ ಯೂನಿವರ್ಸಿಟಿಯಲ್ಲಿ ಪಿಎಚ್.ಡಿ. ಮಾಡ್ತಿದ್ದರು. ಅವರು ಬಳಸ್ತಿದ್ದ ಕೆಟೆಕಾಲ್ ಅನ್ನೋ ರಾಸಾಯನಿಕ, ನೀರಿಗೆ ತಗುಲಿದ ಕ್ಷಣವೇ ಮಾಯವಾಗ್ತಿತ್ತಂತೆ. ತಗುಲೋಕೆ ಮುಂಚೆಯೇ ಕರಗಿದರೆ ಹೇಗಿರುತ್ತೆ ಅನ್ನಿಸಿತು. ಹೇಗೂ ಥೀಸಿಸ್ಸಿನ ಒಣ ಭಾಷೆ ಅಭ್ಯಾಸ ಆಗಬೇಕಿತ್ತಲ್ಲ, ಗ್ರಾಫು, ಟೇಬಲ್ಲು ಸಮೇತ ಒಂದು ಸುಳ್ಳು ಸಂಶೋಧನಾ ಪ್ರಬಂಧವನ್ನೇ ಬರೆದುಬಿಟ್ಟರು. ಗುರುಗಳು ಏನಂದುಕೊಳ್ತಾರೋ ಅಂತ ಸಂಪಾದಕರ ಹತ್ತಿರ ಬೇರೆ ಹೆಸರು ಹಾಕಿ ಅಂತ ಕೇಳಿಕೊಂಡಿದ್ದರು. 1948ರ ಮಾರ್ಚಿನಲ್ಲಿ ಅದು ಅಚ್ಚಾದಾಗ ನೋಡಿದರೆ ಅವರದೇ ಹೆಸರು. ಆಮೇಲೆ ಪಿಎಚ್.ಡಿ. ಮೌಖಿಕ ಪರೀಕ್ಷೆ ಬಂತು. ಕೊನೆಗೆ ಒಬ್ಬರು ಗಂಭೀರವಾಗಿ ಥಿಯೋಟಿಮೋಲಿನ್ ಬಗ್ಗೆಯೇ ಪ್ರಶ್ನೆ ಹಾಕಿದರಂತೆ. ಪಾಸಾದೆ ಅಂತ ಅಸಿಮೋವ್‌ಗೆ ಅಲ್ಲೇ ಗೊತ್ತಾಯ್ತು, ನಗು ತಡೆಯೋಕಾಗಲಿಲ್ಲ.

ತಮಾಷೆ ಅಂತ ಶುರುವಾದ ಪುಡಿಗೆ ಮುಂದಿನ ಬರಹಗಳಲ್ಲಿ ಉಪಯೋಗಗಳೂ ಹುಟ್ಟಿಕೊಂಡವು. ನೀರು ಹಾಕ್ಲೋ ಬೇಡ್ವೋ ಅಂತ ಅನುಮಾನದಲ್ಲಿರೋರ ಕೈಯಲ್ಲಿ ಅದು ಸರಿಯಾಗಿ ಕರಗಲ್ಲ, ಹಾಗಾಗಿ ಮನುಷ್ಯನ ಮನಸ್ಸು ಅಳೆಯೋಕೆ ಬಳಸಬಹುದು. ಒಂದರ ಕರಗುವಿಕೆ ಇನ್ನೊಂದಕ್ಕೆ ನೀರು ಬಿಡೋ ಹಾಗೆ ಸಾಲಾಗಿ ಜೋಡಿಸಿದರೆ ಒಂದು ದಿನ ಮುಂಚೆಯೇ ವಿಷಯ ತಿಳಿಯುತ್ತೆ. 1960ರ ಬರಹದಲ್ಲಿ ಇದನ್ನ ಉಪಗ್ರಹ ಉಡಾವಣೆಗೆ ಹಚ್ಚುತ್ತಾರೆ: ಉಡಾವಣೆ ಯಶಸ್ವಿಯಾದರೆ ಮಾತ್ರ ನೀರು ಬೀಳೋ ವ್ಯವಸ್ಥೆ. ಹಿಂದಿನ ದಿನವೇ ಪುಡಿ ಕರಗಿತಾ? ಧೈರ್ಯವಾಗಿ ಹಾರಿಸಿ.

ಅಪಾಯ ಇರೋದು ಮೋಸ ಮಾಡೋಕೆ ಹೊರಟಾಗ. ಪುಡಿ ಕರಗಿದೆ, ಸರಿ, ಈಗ ನಾನು ನೀರು ಹಾಕೋದೇ ಇಲ್ಲ ಅಂತ ಹಟ ಹಿಡಿದು ಕೂತರೆ? ಕರಗಿ ಆಗಿದೆಯಲ್ಲ, ನೀರು ಬಂದೇ ತೀರಬೇಕು. ನೀವು ಹಾಕದಿದ್ದರೆ ಚಂಡಮಾರುತ ಬರುತ್ತೆ, ಪ್ರವಾಹ ಬರುತ್ತೆ. ಒಂದು ಚಿಟಿಕೆ ಪುಡಿಯ ಬಾಕಿ ತೀರಿಸೋಕೆ ಊರೇ ಮುಳುಗುತ್ತೆ.

ಇದನ್ನ ಓದಿದಾಗ ನನಗೆ ನೆನಪಾಗಿದ್ದು ಹಿಂದಿನ ಕಂಪನಿಯ ಒಂದು ರಿಲೀಸ್. ಒಂದು ಸಾಲು ಕೋಡ್ ಬರೆಯೋ ಮುಂಚೆಯೇ ಸೆಪ್ಟೆಂಬರ್ 30 ಅಂತ ಕ್ಲೈಂಟಿಗೆ ಮಾತು ಕೊಟ್ಟಾಗಿತ್ತು. ಪುಡಿ ಕರಗಿತ್ತು. ಇನ್ನು ನೀರು ಬರಬೇಕಲ್ಲ? ಹನ್ನೊಂದು ಜನರ ಶನಿವಾರ, ಭಾನುವಾರಗಳಿಂದ ಬಂತು. ಹೆಂಡತಿಯ ಹೆರಿಗೆಗೆ ಅಂತ ರಜೆ ಹಾಕಿ ಹೋದವನು ಆಸ್ಪತ್ರೆ ಕಾರಿಡಾರಿನಲ್ಲಿ ಲ್ಯಾಪ್‌ಟಾಪ್ ತೊಡೆ ಮೇಲಿಟ್ಟುಕೊಂಡು ಬಗ್ ಸರಿಮಾಡ್ತಿದ್ದ. ಹೇಳಿದ ದಿನಕ್ಕೇ ರಿಲೀಸ್ ಆಯ್ತು ಅನ್ನಿ. ಪ್ಲಾನಿಂಗ್ ಚೆನ್ನಾಗಿತ್ತು ಅಂತ ಎಲ್ಲರಿಗೂ ಮೇಲ್ ಬಂತು.

ಆಫೀಸನ್ನ ಬೈಯೋದು ಸುಲಭ. ನಾನು ಇಂಜಿನಿಯರ್ ಆಗಿದ್ದೂ ಹೀಗೇ. ನಾನಿನ್ನೂ ಪಿಯುಸಿಯಲ್ಲಿದ್ದೆ, ಅಷ್ಟರಲ್ಲೇ ಅಪ್ಪ ಅರಳಿಕಟ್ಟೆ ಮೇಲೆ ಕೂತು "ನಮ್ ಹುಡುಗ ಇಂಜಿನಿಯರ್" ಅಂತ ಹೇಳಿಯಾಗಿತ್ತು. ನಾಲ್ಕೆಕರೆ ಖುಷ್ಕಿಯಲ್ಲಿ ಎರಡೆಕರೆ ಭೋಗ್ಯಕ್ಕೆ ಹೋಯ್ತು. ಅದೂ ಸಾಲದಾಯ್ತು. ಅಕ್ಕ ಪಿಯುಸಿಗೇ ಓದು ಬಿಟ್ಟು ಬೆಂಗಳೂರಿನ ಗಾರ್ಮೆಂಟ್ಸ್ ಸೇರಿದಳು. ಅವಳಿಗೆ ನನಗಿಂತ ಜಾಸ್ತಿ ಮಾರ್ಕ್ಸು. ನನ್ನ ಎರಡು ಸೆಮಿಸ್ಟರಿನ ಹಾಸ್ಟೆಲ್ ಫೀಸು ಅವಳ ಓವರ್‌ಟೈಮಿನದು. ಊರಲ್ಲಿ ಈಗಲೂ ಜನ "ನಿಮ್ಮಪ್ಪ ಅವತ್ತೇ ಹೇಳಿದ್ದ ನೋಡು" ಅಂತಾರೆ. ಅಕ್ಕ ಪಕ್ಕದಲ್ಲೇ ಇದ್ದರೂ ಏನೂ ಅನ್ನಲ್ಲ, ಕಾಫಿ ತರ್ತೀನಿ ಅಂತ ಒಳಗೆ ಹೋಗ್ತಾಳೆ.

ಭೋಗ್ಯದ ಹೊಲ ಬಿಡಿಸಿಕೊಂಡು ಆರು ವರ್ಷ ಆಯ್ತು. ಅಪ್ಪ ಈಗಲೂ ಅದರಲ್ಲಿ ಶೇಂಗಾ ಹಾಕ್ತಾನೆ, ಮಳೆ ನಂಬಿಕೊಂಡೇ. ಹೋದ ವರ್ಷ ಮೃಗಶಿರ ಮಳೆ ಕೈಕೊಟ್ಟಾಗ ಊರಿಗೆ ಹೋಗಿದ್ದೆ. ಜಗುಲಿ ಮೇಲೆ ಕೂತು ಈ ಪುಡಿಯ ಕಥೆ ಹೇಳಿದೆ. ಮೊಬೈಲಲ್ಲಿ ಲೆಕ್ಕ ಹಾಕಿ, ವಾರ ಮುಂಚೆ ಮಳೆ ಗೊತ್ತಾಗಬೇಕಂದ್ರೆ 5,40,000 ಡಬ್ಬಿ ಸಾಲಾಗಿ ಜೋಡಿಸಬೇಕಪ್ಪ ಅಂದೆ.

"ವಾರ ಮುಂಚೆ ತಗಂಡು ಏನ್ ಮಾಡಾಣ? ಬೀಜಕ್ಕೆ ಸಾಲ ಎತ್ತಾದು ತಿಂಗ್ಳು ಮುಂಚೆ."

"ತಿಂಗಳಿಗೂ ಮಾಡಬಹುದು. ಡಬ್ಬಿ ಜಾಸ್ತಿ ಬೇಕು."

"ಕರಗ್ಲಿಲ್ಲ ಅಂದ್ರೆ ಮಳೆ ಇಲ್ಲ ಅಂತಾನಾ?"

"ಹೂಂ."

ಅಪ್ಪ ಸ್ವಲ್ಪ ಹೊತ್ತು ಕೂರಿಗೆ ಕಡೆ ನೋಡ್ತಾ ಕೂತ. ಆಮೇಲೆ, "ಕೆ.ಜಿ. ಎಷ್ಟಂತೆ ಅದು?" ಅಂದ.

ಅಂಥದ್ದು ಇಲ್ಲಪ್ಪ, ಕಥೆಯಲ್ಲಿ ಬರೋದು ಅಂದೆ.

"ಮೊದ್ಲೇ ಹೇಳಾಕೇನಾಗಿತ್ತು" ಅಂತ ಟವೆಲ್ ಕೊಡವಿ ಹೆಗಲಿಗೆ ಹಾಕಿಕೊಂಡು, ಬಿತ್ತನೆ ಬೀಜದ ಚೀಲ ನೋಡೋಕೆ ಒಳಗೆ ಹೋದ.